ತಾಯಿ ಸಾರಸಕ್ಕೆ ದನಿ

ಹಗಲು ಕೇಂದ್ರ ಸರ್ಕಾರದ ಕಚೇರಿಯ ಕೆಲಸ, ಬಿಡುವಿನಲ್ಲಿ ಕನ್ನಡ ಸಂಘದ ನಾಟಕ. ದೆಹಲಿಯಲ್ಲಿ ಇಂದಿರಾಳ ಬದುಕು ಹೀಗೆ ಸಾಗಿತ್ತು. 2005ರ ಬೇಸಿಗೆಯಲ್ಲಿ ಓಖ್ಲಾದ ಸ್ಟುಡಿಯೊ ಒಂದು ಮಕ್ಕಳ ಕಾರ್ಟೂನ್ ಚಿತ್ರವನ್ನು ಕನ್ನಡಕ್ಕೆ ಡಬ್ ಮಾಡಲು ಜನ ಹುಡುಕಿದಾಗ, ಸಂಘದವರು ಅವಳ ಹೆಸರು ಹೇಳಿದರು. ತಾಯಿ ಸಾರಸ ಪಕ್ಷಿಗೆ ಇಂದಿರಾ, ಮರಿಗೆ ಅವಳ ಹತ್ತು ವರ್ಷದ ಮಗಳು ಪ್ರೇರಣಾ.

ರೆಕಾರ್ಡಿಂಗ್ ಇದ್ದ ಶನಿವಾರ ಇಂದಿರಾಳಿಗೆ ಕೂತಲ್ಲಿ ಕೂರಲಾಗುತ್ತಿರಲಿಲ್ಲ. ಬಡ್ತಿ ಬಂದಿತ್ತು, ಜೊತೆಗೆ ಶಿಲ್ಲಾಂಗಿಗೆ ವರ್ಗ. ಒಪ್ಪಿಗೆಯೋ ಇಲ್ಲವೋ ಸೋಮವಾರ ಹೇಳಬೇಕು. ಗಂಡ ಅನಂತರಾಮ, "ನೀನೇ ಯೋಚನೆ ಮಾಡು, ಮಗೂನ ನಾನು ನೋಡ್ಕೋತೀನಿ" ಎಂದಿದ್ದ. ಮಗಳಿಗೆ ಹೇಳಿರಲಿಲ್ಲ.

ರೆಕಾರ್ಡಿಂಗ್ ವೇಳೆ ಸದ್ದಾಗುತ್ತದೆಂದು ಏಸಿ ನಿಲ್ಲಿಸುತ್ತಿದ್ದರು. ಕೋಣೆ ಬೇಯುತ್ತಿತ್ತು. ಪರದೆಯ ಮೇಲೆ ಜೊಂಡಿಗೆ ಬೆಂಕಿ ಬಿದ್ದಿತ್ತು. ರೆಕ್ಕೆ ಮುರಿದ ತಾಯಿ ಸಾರಸ, ಮರಿಯನ್ನು ಅದರ ಗೆಳೆಯನಾದ, ನೀಲಗಾಯಿ ಎಂಬ ಕಾಡುಪ್ರಾಣಿಯ ಕರುವಿನ ಬೆನ್ನ ಮೇಲೆ ಹತ್ತಿಸಿ ಕಳಿಸುತ್ತಿತ್ತು.

"ಹೋಗು ಕಂದಾ. ನಾನು ಹಿಂದೇನೇ ಬರ್ತೀನಿ," ಎಂದಳು ಇಂದಿರಾ. ದನಿ ಒಡೆಯಿತು.

"ಇನ್ನೊಂದ್ಸಲ ಮೇಡಂ," ಎಂದ ಡಬ್ಬಿಂಗ್ ನೋಡಿಕೊಳ್ಳುತ್ತಿದ್ದ ಸುಹಾಸ್.

ಮತ್ತೆ ಹೇಳಿದಳು. ಈ ಸಲ ಮಾತು ಪರದೆಯ ಮೇಲಿನ ಕೊಕ್ಕಿನ ಚಲನೆಗೆ ಹೊಂದಲಿಲ್ಲ. ಮತ್ತೊಮ್ಮೆ ಹೇಳುವಷ್ಟರಲ್ಲಿ ಪ್ರೇರಣಾ ಹೆಡ್‌ಫೋನ್ ತೆಗೆದಳು.

"ಅಂಕಲ್, ಅದರ ಮಮ್ಮಾ ಝೂಟ್ ಹೇಳ್ತಿದಾಳೆ ನಾ? ಅವಳು ಬರಲ್ಲ."

"ಹೌದು ಪುಟ್ಟಿ, ಸುಳ್ಳೇ. ಮರಿ ಉಳೀಲಿ ಅಂತ."

"ಆದ್ರೆ ಮರಿ ವೇಟ್ ಮಾಡ್ತಾನೇ ಇರುತ್ತಲ್ಲ."

ಇಂದಿರಾ ನೀರು ಕುಡಿದು ಬರುತ್ತೇನೆಂದು ಹೊರಗೆ ಹೋದಳು. ಮೆಟ್ಟಿಲ ಬಳಿ ಆಚೆ ಈಚೆ ಓಡಾಡಿದಳು. ಕೆಳಗೆ ಬಟ್ಟೆಯ ಮೂಟೆಗಳನ್ನು ಟೆಂಪೊಗೆ ಏರಿಸುತ್ತಿದ್ದರು. ತಿರುಗಿದಾಗ ಪ್ರೇರಣಾ ಹಿಂದೆಯೇ ನಿಂತಿದ್ದಳು.

"ನೀನೂ ಎಲ್ಲಿಗಾದ್ರೂ ಹೋಗ್ತಿದೀಯಾ? ಫೋನಲ್ಲಿ ಮಾತಾಡುವಾಗ ನಾನು ಬಂದ್ರೆ ಚುಪ್ ಆಗ್ತೀಯ."

ಇಂದಿರಾ ಮೆಟ್ಟಿಲ ಮೇಲೆ ಕುಳಿತು ಎಲ್ಲವನ್ನೂ ಹೇಳಿದಳು. ಕಡೆಗೆ, "ಬೇಡ ಅಂತ ಬರೆದುಕೊಟ್ರೆ ಇಲ್ಲೇ ಇರ್ತೀನಿ. ಬಡ್ತಿ ಹೋಗುತ್ತೆ, ಅಷ್ಟೇ," ಎಂದಳು.

ಪ್ರೇರಣಾ ಗೋಡೆಯ ಸುಣ್ಣ ಕೆರೆಯುತ್ತಾ ನಿಂತಳು. "ಆಮೇಲೆ ನನ್ನಿಂದ ಹೋಯ್ತು ಅಂತ ಹೇಳ್ತೀಯಾ? ಅಜ್ಜಿ ನಿಂಗೆ ಹೇಳೋ ಥರ?"

ಇಂದಿರಾಳ ತಾಯಿ ಲೀಲಮ್ಮ ಮೈಸೂರಿನಲ್ಲಿ ಸಂಗೀತದ ಟೀಚರ್ ಆಗಿದ್ದವರು. ಮಕ್ಕಳಿಗಾಗಿ ಕೆಲಸ ಬಿಟ್ಟವರು, ಅದನ್ನು ಪ್ರತಿ ಜಗಳದಲ್ಲೂ ಎತ್ತಿ ಆಡಿದವರು. ಕಳೆದ ರಜೆಯಲ್ಲಿಯೂ ಆಡಿದ್ದರು. ಮಗು ಪಕ್ಕದ ಕೋಣೆಯಲ್ಲಿ ಕೇಳಿಸಿಕೊಂಡಿದೆ ಎಂದು ಯಾರಿಗೂ ತೋಚಿರಲಿಲ್ಲ.

ಹೇಳುವುದಿಲ್ಲ ಎಂಬ ಮಾತು ಇಂದಿರಾಳ ಬಾಯಿಯವರೆಗೆ ಬಂತು. ಆದರೆ ಯಾವತ್ತಾದರೂ ಹೇಳಿಯೇಬಿಡುತ್ತೇನೆ ಎಂದು ಅವಳಿಗೆ ಗೊತ್ತಿತ್ತು.

"ಹೇಳಿಬಿಡ್ತೀನೇನೋ," ಎಂದಳು.

"ಹಂಗಾದ್ರೆ ಹೋಗು." ಪ್ರೇರಣಾಳ ದನಿಯಲ್ಲಿ ಔದಾರ್ಯವೇನೂ ಇರಲಿಲ್ಲ, ಸಿಟ್ಟಿತ್ತು. "ಆದ್ರೆ ಯಾವಾಗ ಬರ್ತೀಯಾಂತ ಸರಿಯಾಗಿ ಹೇಳು."

"ದಸರಾಗೆ ಬರ್ತೀನಿ. ಆಮೇಲೆ ದೊಡ್ಡ ರಜೇಲಿ ನೀನು ಬಾ. ಎರಡು ವರ್ಷ ಆದ್ಮೇಲೆ ಇಲ್ಲಿಗೇ ವರ್ಗ ಕೇಳ್ತೀನಿ. ಕೊಡ್ತಾರೋ ಇಲ್ವೋ ಗೊತ್ತಿಲ್ಲ."

ಒಳಗೆ ಹೋಗಿ ಇಬ್ಬರೂ ಮುಗಿಸಿದರು. ಮರಿ ಅಳಬೇಕಾದ ಕಡೆ ಪ್ರೇರಣಾ ಗದರಿದಂತೆ ಕೂಗಿದಳು. ಸುಹಾಸ್ ಅದನ್ನು ಇನ್ನೊಮ್ಮೆ ಹಾಕಿ ಕೇಳಿ, ಹಾಗೇ ಇರಲಿ ಎಂದ.

ಇಂದಿರಾ ಜುಲೈನಲ್ಲಿ ಹೊರಟಳು. ಸ್ಟೇಷನ್ನಿನಲ್ಲಿ ಪ್ರೇರಣಾ ಅಪ್ಪನ ಕೈ ಬಿಡಲಿಲ್ಲ, ಅಮ್ಮನ ಕಡೆ ನೋಡಲೂ ಇಲ್ಲ. ಶಿಲ್ಲಾಂಗಿನಿಂದ ಫೋನ್ ಮಾಡಿದಾಗಲೆಲ್ಲ ಅನಂತರಾಮ, "ಆಡೋಕೆ ಹೋಗಿದಾಳೆ," ಎನ್ನುತ್ತಿದ್ದ. ಅವಳು ಅಲ್ಲೇ ಇದ್ದಾಳೆಂದು ಟಿವಿಯಲ್ಲಿನ ಕಾರ್ಟೂನಿನ ಸದ್ದೇ ಹೇಳುತ್ತಿತ್ತು. ಇಂದಿರಾ ಕಚೇರಿಯಲ್ಲಿ ಕಡತ ಬಿಚ್ಚಿ ಮುಚ್ಚುವಳು, ಕೋಣೆಗೆ ಬಂದು ಪಾತ್ರೆಗಳನ್ನು ಮತ್ತೆ ಮತ್ತೆ ಜೋಡಿಸುವಳು. ರಾಜೀನಾಮೆ ಕೊಟ್ಟುಬಿಡಲೇ ಎಂದೂ ಯೋಚಿಸಿದಳು.

ಒಂದು ಸಂಜೆ ಪ್ರೇರಣಾ ತಾನೇ ಫೋನ್ ಮಾಡಿದಳು.

"ನಿನ್ನೆ ನಂಗೆ ಅಳು ಬಂತು. ಕೆಳಗಿನ ಮನೆ ಗುರ್ಲೀನ್ ಬಂದು ಪಕ್ಕದಲ್ಲಿ ಕೂತ್ಲು. ಏನೂ ಮಾತಾಡ್ಲಿಲ್ಲ."

"ಆಮೇಲೆ?"

"ಆಮೇಲೆ ಕೇರಂ ಆಡಿದ್ವಿ. ಅವಳೇ ಗೆದ್ಲು." ಜೊತೆಗೇ ಕೇಳಿದಳು, "ಅಲ್ಲಿ ನಿಂಗೆ ಯಾರಾದ್ರೂ ಫ್ರೆಂಡ್ ಇದಾರಾ?"

"ಇನ್ನೂ ಇಲ್ಲ."

"ಮಾಡ್ಕೋ ಮಮ್ಮಾ," ಎಂದಳು ಪ್ರೇರಣಾ, "ಪಪ್ಪ ಊಟಕ್ಕೆ ಕರೀತಿದಾರೆ."

ಫೋನ್ ಇಟ್ಟ ಮೇಲೂ ಇಂದಿರಾ ಕೂರಲಿಲ್ಲ. ಹೊರಗೆ ಮಳೆ ಶುರುವಾಗಿತ್ತು. ಪಕ್ಕದ ಮನೆಯ ಹೆಂಗಸು ಒಬ್ಬಳೇ ಅವಸರದಲ್ಲಿ ಹಗ್ಗದಿಂದ ಬಟ್ಟೆ ತೆಗೆಯುತ್ತಿದ್ದಳು. ಅವಳ ಹೆಸರೂ ಇಂದಿರಾಳಿಗೆ ಗೊತ್ತಿರಲಿಲ್ಲ. ಚಪ್ಪಲಿ ಮೆಟ್ಟಿಕೊಂಡು ಅಂಗಳಕ್ಕೆ ಇಳಿದು, ಹಗ್ಗದ ಇನ್ನೊಂದು ತುದಿಯಿಂದ ಬಟ್ಟೆ ತೆಗೆಯತೊಡಗಿದಳು.