ಬೆಳ್ಳಕ್ಕಿ ಹೂವಿನ ಇಳಿಜಾರು

"ಛೀ, ಅನಿಮಲ್ಸ್! ಇಲ್ಲೇ ಬಂದು ಕೂತ್ಕೋಬೇಕಾ ನಿಮ್ಗೆ?"

ನಾನು ತಂಬಿಗೆ ಬಿಟ್ಟು ಎದ್ದು ನಿಂತೆ. ಬಯಲಕಡೆಗೆ ಕೂತಾಗ ಯಾರಾದರೂ ಬಂದರೆ ನಾವು ಹೆಂಗಸರು ಎದ್ದು ನಿಲ್ಲುತ್ತೇವೆ. ಬಸ್ಸಿನ ದೀಪ ಬಿದ್ದರೂ ನಿಲ್ಲುತ್ತೇವೆ, ಬೈಕಿನ ಪೋಕರಿಗೂ ನಿಲ್ಲುತ್ತೇವೆ. ಸುರಪುರದಲ್ಲಿ ಅವ್ವ ಕಲಿಸಿದ್ದು, ಪುಣೆಗೆ ಬಂದರೂ ಬಿಟ್ಟಿಲ್ಲ.

ಬಂದವಳು ಶಾಲಿನಿ ಮೇಡಂ. ಖರಾಡಿಯಲ್ಲಿ ಐಟಿ ಕೆಲಸ, ಬೆಂಗಳೂರಿನ ಕನ್ನಡ, ಕೊರಳಲ್ಲಿ ಮೊಳದುದ್ದದ ಕ್ಯಾಮೆರಾ. ಒಂದು ಕೈಯಲ್ಲಿ ಮೂಗು ಹಿಡಿದು ಇನ್ನೊಂದರಲ್ಲಿ ಹುಲ್ಲಿನ ನಡುವಿನ ಬಿಳಿ ಹೂ ತೋರಿಸಿದಳು.

"ಅದೇನು ಅಂತ ಗೊತ್ತಾ? ತುಂಬಾ ರೇರ್ ಆರ್ಕಿಡ್!"

"ಬೆಳ್ಳಕ್ಕಿ ಹೂ ರೀ ಅದು. ನಾವ್ಯಾರೂ ತುಳ್ಯಂಗಿಲ್ಲ."

"ಹೆಸರಿಡೋಕೆ ನೀನ್ಯಾರು?"

ನಾನು ಯಾರೂ ಅಲ್ಲ. ಶರಣಮ್ಮ, ಈ ಗುಡ್ಡದ ತಲೆಯ ಮೇಲೆ ಏಳುತ್ತಿರುವ ಬಂಗಲೆಗಳಿಗೆ ಇಟ್ಟಿಗೆ ಹೊರುವವಳು. ಈ ಇಳಿಜಾರು ಹೆಂಗಸರು ಕೂರುವ ಜಾಗ ಅಂತಾದ ಮೇಲೆ ದನ ಕಾಯುವವರು ಇತ್ತ ಬರುವುದಿಲ್ಲ, ಹುಲ್ಲು ಕೊಯ್ಯುವವರೂ ಬರುವುದಿಲ್ಲ. ಸುತ್ತಲ ಗುಡ್ಡವೆಲ್ಲ ಬೋಳಾದರೂ ಇಲ್ಲಿ ನಾಲ್ಕು ಮಳೆಗಾಲದಿಂದ ಹೂ ತಪ್ಪಿಲ್ಲ. ನಮ್ಮ ನಾಚಿಕೆ ಕಾಯ್ದ ಹೂವು ಅದು. ಇದನ್ನು ಮೇಡಂಗೆ ಹೇಳಿದರೆ ಹೂವಿಗೂ ಮೈಲಿಗೆ ಅಂದಾಳು ಅಂತ ತಂಬಿಗೆ ಎತ್ತಿಕೊಂಡು ನಡೆದೆ.

ಮೇಡಂ ಬಂಗಲೆ ಕಟ್ಟಿಸುವವರಿಗೆ ಹೇಳಿದ್ದಕ್ಕೆ ವಾರದಲ್ಲಿ ಇಳಿಜಾರಿಗೆ ಬೇಲಿ ಬಂತು. ಕಂಬದ ಗುಂಡಿ ತೋಡಿದವನು ನನ್ನ ಗಂಡ ತಾಯಪ್ಪ. ಮೊದಲ ಗುಂಡಿಯಲ್ಲೇ ನಾಲ್ಕು ಗಡ್ಡೆ ಸಿಕ್ಕವು.

"ಸಾಹೇಬ್ರ, ಹೂವಿನ ಗಡ್ಡಿ ಬಂದ್ವು ನೋಡ್ರಿ," ಅಂದ.

"ಆಚೆ ಎಸೆದು ಅಗಿಯೋ, ನಿನ್ನಜ್ಜಿ!" ಅಂದ ಮೈಸೂರು ಕಡೆಯ ಇಂಜಿನಿಯರ್ ಶಮಂತ್.

ಹೂವಿನ ರಕ್ಷಣೆ ಹೀಗೆ ಹೂ ಕೊಂದು ಶುರುವಾಯಿತು. 'ಅಪರೂಪದ ಆರ್ಕಿಡ್ ನೆಲೆ, ಪ್ರವೇಶವಿಲ್ಲ' ಅಂತ ಬೋರ್ಡೂ ನಿಂತಿತು. ಗುಡ್ಡದ ಆಚೆ ಮಗ್ಗುಲು ಡಾಂಬರು ರಸ್ತೆಗೆ ಬೋಳಾಗಿ ತೆರೆದುಕೊಂಡಿದೆ. ಕೂರಲು ಮರೆಯಿಲ್ಲದೆ ನಾವು ನೀರು ಕುಡಿಯುವುದನ್ನೇ ಬಿಟ್ಟೆವು.

ಎಲ್ಲರಿಗಿಂತ ಕೆಟ್ಟದ್ದಾದದ್ದು ಇಂದೂಗೆ. ನನ್ನ ತಂಗಿಯ ಮಗಳು, ಏಳು ತಿಂಗಳ ಬಸುರಿ. ಉರಿಮೂತ್ರ, ಚಳಿಜ್ವರ. ಹೀಗೇ ಆದರೆ ಕೂಸಿಗೆ ಅಪಾಯ, ನೀರು ಕುಡಿ, ತಡೆಹಿಡಿಯಬೇಡ ಅಂದ ಡಾಕ್ಟರು. ಆತನಿಗೇನು, ಆತನ ಸಂಡಾಸಿಗೆ ಬಾಗಿಲಿದೆ.

ಸೈಟಿನಲ್ಲೂ ಒಂದು ಸಂಡಾಸಿದೆ, ಬೀಗ ಹಾಕಿದ್ದು. ಶಮಂತನ ಹತ್ತಿರ ಕೀಲಿ ಕೇಳಿದೆ.

"ಅದು ಸ್ಟಾಫ್‌ಗೆ. ನೀವು ಒಂದ್ಸಲ ಹೋಗಿಬಂದ್ರೆ ಆಮೇಲೆ ನಾವ್ ಕಾಲಿಡಕ್ಕಾಗುತ್ತಾ?"

"ಬಸುರಿ ಅದಾಳ್ರಿ. ಅದರ ಗ್ವಾಡಿಗಿ ಇಟ್ಟಂಗಿ ಹೊತ್ತಾಕಿನೂ ಅಕೀನ."

"ಹೊತ್ತೋರೆಲ್ಲ ಒಳಗೆ ಬರೋದಾದ್ರೆ ನಾಳೆ ಬಂಗಲೆಗೂ ಬರ್ತೀಯ. ನಡಿ, ನಡಿ."

ಹೂ ತುಂಬಿದ ಭಾನುವಾರ ಕಾರುಗಳು ಸಾಲುಗಟ್ಟಿದವು. ನೋಡಲು ಬಂದವರಿಗೆ ಶಾಮಿಯಾನ, ಚಹಾ, ಅವಲಕ್ಕಿ. ಲಾರಿಯಲ್ಲಿ ಎರಡು ಪ್ಲಾಸ್ಟಿಕ್ ಸಂಡಾಸುಗಳೂ ಇಳಿದವು. ಇಷ್ಟು ವರ್ಷ ನಮಗೆ ಸಿಗದ್ದು ಇವರ ಎರಡು ತಾಸಿಗೆ ಸಿಕ್ಕಿತ್ತು. ಶಾಲಿನಿ ಮೇಡಂ ಮೈಕು ಹಿಡಿದು, ಮನುಷ್ಯರ ಕಾಲೇ ಬೀಳದ್ದರಿಂದ ಈ ಹೂ ಉಳಿದಿದೆ ಅಂದಳು. ಚಪ್ಪಾಳೆ ಬಿತ್ತು. ನಾಲ್ಕು ವರ್ಷ ಅಲ್ಲಿ ಕೂತವರು ನಾವು, ಮನುಷ್ಯರ ಲೆಕ್ಕದಲ್ಲಿ ಇರಲಿಲ್ಲ.

ಅಷ್ಟರಲ್ಲಿ ಇಂದೂ ಹೊಟ್ಟೆ ಹಿಡಿದುಕೊಂಡು ಪ್ಲಾಸ್ಟಿಕ್ ಸಂಡಾಸಿನ ಹತ್ತಿರ ಹೋದಳು. ಕಾವಲಿನ ಮರಾಠಿಯವ ಬಾಳು ಅವಳ ಹೊಟ್ಟೆಗೇ ಕೋಲು ಅಡ್ಡ ಹಿಡಿದ. "ಏ, ಮಾಗೇ ಹೋ! ಪಾಹುಣ್ಯಾಂಚಂ ಆಹೆ!" ಹಿಂದೆ ಸರಿಯಬೇಕಂತೆ, ಅದು ಬಂದ ನೆಂಟರಿಗಂತೆ. ಸಾಲಿನಲ್ಲಿದ್ದ ಇಬ್ಬರು ಹೆಂಗಸರು ದೂರ ಸರಿದು ನಿಂತರು. ನಿಂತಲ್ಲೇ ಇಂದೂವಿನ ಸೀರೆಯಂಚು ಒದ್ದೆಯಾಯಿತು. ಸರಿದು ನಿಂತವರು ಅದನ್ನೂ ನೋಡಿದರು.

ನಾನು ಇಂದೂವಿನ ಹತ್ತಿರ ಓಡಿದೆ. ಅವಳ ಕೈ ಹಿಡಿದೆ.

"ನಡೀ ಇಂದೂ. ನಮ್ಮ ಜಾಗಾಕ್ಕ ಹೋಗಮು."

ಬೇಲಿಯ ಕೆಳತಂತಿ ಎತ್ತಿ ಹಿಡಿದು ಅವಳನ್ನು ಒಳಗೆ ಬಿಟ್ಟೆ. ಹಿಂದೆ ಇನ್ನೂ ನಾಲ್ಕು ಹೆಂಗಸರು ತಂಬಿಗೆ ಹಿಡಿದು ಬಂದರು. ಇಳಿಜಾರಿನ ತುಂಬ ದೊಡ್ಡವರು ಹುಲ್ಲಿಗೆ ಮೊಣಕಾಲೂರಿ, ಕುಂಡಿ ಮೇಲೆ ಮಾಡಿ, ಹೂವಿನ ಫೋಟೋ ಹಿಡಿಯುತ್ತಿದ್ದರು.

"ಬೆಳ್ಳಕ್ಕಿ ನೋಡ್ಕೊಂಡು ಕುಂದ್ರವ್ವ, ತುಳದೀಗೀಳದೀ," ಅಂದೆ.

ಸೀರೆ ಎತ್ತಿ ಕೂತೆವು. ಶಮಂತ ಓಡಿ ಬಂದ.

"ಥೂ ಮುಂಡೇರಾ, ಎದ್ದೇಳ್ರೇ! ಗೆಸ್ಟ್ಸ್ ಇದಾರೆ!"

ಮೊಣಕಾಲೂರಿದವರೆಲ್ಲ ತಿರುಗಿದರು. ಶಾಲಿನಿ ಮೇಡಮ್ಮಿನ ಕ್ಯಾಮೆರಾವೂ ತಿರುಗಿತು. ಇಂದೂ ರೂಢಿಯಂತೆ ನೆಲಕ್ಕೆ ಕೈಯೂರಿ ಏಳಹೋದಳು. ನಾನು ಅವಳ ಹೆಗಲು ಒತ್ತಿ ಹಿಡಿದೆ.

"ನೀ ಮುಗಸು. ನಾಚ್ಕಿ ಆದ್ರ ಆ ಭಾಡ್ಯಾಗೋಳೇ ಮಾರಿ ತಿರುಗಿಸ್ಲಿ."

ಆರು ಜನರಲ್ಲಿ ಒಬ್ಬರೂ ಏಳಲಿಲ್ಲ.