ಬಿರುಗಾಳಿಯಲ್ಲಿ ನಿಂತ ಸುರುಳಿ

ಓದಿದ ಗ್ರಂಥದ ಸುರುಳಿಯನ್ನು ಮುಂದೆ ಬರುವವರಿಗಾಗಿ ಮೊದಲಿನವರೆಗೆ ಹಿಂದಕ್ಕೆ ಸುತ್ತಿ, ದಾರ ಕಟ್ಟಿಡಬೇಕು. ರೋಮನ್ನರ ಆಳ್ವಿಕೆಯ ತಮುಗಾದಿ ಪಟ್ಟಣದ ಗ್ರಂಥಾಲಯದಲ್ಲಿ ಇದು ಮಕ್ಕಳಿಗೂ ಗೊತ್ತು. ದೋನಾತಾಳ ಅಪ್ಪನಂತೂ ಇದರಲ್ಲಿ ಮಹಾ ಕಟ್ಟುನಿಟ್ಟು. ರೋಮನ್ ದಂಡಿನಲ್ಲಿ ಕಣ್ಣು ಕಳೆದುಕೊಂಡು ಬಂದ ಮುದುಕ. ಮಗಳು ಓದಿದ್ದನ್ನು ಕೇಳಿ, ಸುರುಳಿಯನ್ನು ತಾನೇ ಸುತ್ತಿ, ಒಂದರ ಮೇಲೊಂದು ಎರಡು ಗಂಟು ಬಿಗಿಯುತ್ತಿದ್ದ. ಬಿಚ್ಚುವವರು ಶಾಪ ಹಾಕುತ್ತಿದ್ದರು.

ಕಡಲಯಾನದ ಕಥೆಯೊಂದರಲ್ಲಿ ಹಡಗು ಬಿರುಗಾಳಿಗೆ ಸಿಕ್ಕಿದ ದಿನ ಮಾತ್ರ, "ಇವತ್ತು ಕೈಲಾಗ್ತಿಲ್ಲ ಮಗಾ. ಹಂಗೇ ಬಿಡು, ನಾಳೆ ಇಲ್ಲಿಂದ್ಲೇ ಓದೋಣ" ಎಂದ. ಅವನಿಗೆ ಆ ನಾಳೆ ಬರಲೇ ಇಲ್ಲ.

ಅಲ್ಲಿಂದಾಚೆಗೆ, ರಾತ್ರಿ ಸುತ್ತಿ ಕಪಾಟಿನಲ್ಲಿಟ್ಟರೂ, ದಿನಾ ಬೆಳಗ್ಗೆ ಗ್ರಂಥಾಲಯದ ಬಾಗಿಲು ತೆಗೆದರೆ, ಆ ಸುರುಳಿ ಮೇಜಿನ ಮೇಲೆ ಬಿರುಗಾಳಿಯ ಜಾಗದಲ್ಲೇ ಬಿಚ್ಚಿಕೊಂಡು ಬಿದ್ದಿರುತ್ತಿತ್ತು.

"ನೋಡವ್ವ, ಕಪಾಟಿಗೆ ಬೀಗ ಹಾಕ್ದೋನು ನಾನು. ನಿಮ್ಮಪ್ಪನಿಗೆ ಬೀಗ ಯಾವ ಲೆಕ್ಕ!" ಎಂದ ಗ್ರಂಥಾಲಯ ನೋಡಿಕೊಳ್ಳುವ ಇದ್ದಿಬಲ್. "ಜನ ಹೆದರಿ ಈ ಕಡೆ ತಲೆ ಹಾಕ್ತಿಲ್ಲ. ನಾಳೆ ಇದನ್ನ ಸುಟ್ಟುಬಿಡಿ ಅಂದಿದ್ದಾರೆ ಹಿರೀಕರು. ಇವತ್ತೇ ಓದಿ ಮುಗಿಸಿಬಿಡು."

"ಮುಗಿಸಿದ್ರೆ ಅಪ್ಪ ಹೊರಟೋಗ್ತಾನೆ ಮಾಮ."

"ಮುಗಿಸ್ದೇ ಇದ್ರೆ? ಆ ಮುದುಕ ಬಿರುಗಾಳೀಲೇ ನೆನೀತಾ ಕೂತಿರಬೇಕಾ?"

ದೋನಾತಾ ಸುರುಳಿಯನ್ನು ಹತ್ತಿರಕ್ಕೆ ಎಳೆದುಕೊಂಡಳು. ಅಪ್ಪ ಇರಲೆಂದೇ ಅವಳು ಇಷ್ಟು ದಿನ ಒಂದು ಸಾಲೂ ಮುಂದೆ ಓದಿರಲಿಲ್ಲ.

ಕೂತು ಗಟ್ಟಿಯಾಗಿ ಓದಿದಳು. ಹುಳ ಹತ್ತದಂತೆ ಸುರುಳಿಗೆ ಸವರಿದ ದೇವದಾರು ಎಣ್ಣೆಯ ವಾಸನೆಯ ನಡುವೆ ಅಪ್ಪ ಕುಡಿಯುತ್ತಿದ್ದ ಹುಳಿ ದ್ರಾಕ್ಷಾರಸದ ವಾಸನೆ ಬಂತು. ಪಕ್ಕದ ಪೀಠ ಕಿರುಗುಟ್ಟಿತು. ತಿರುಗಿ ನೋಡುವ ಧೈರ್ಯವಾಗಲಿಲ್ಲ. ಬೇಕೆಂತಲೇ ಎಳೆದೆಳೆದು ಓದಿದಳು, ಆದರೂ ಹಾಳು ಹಡಗು ದಡ ಸೇರಿಯೇಬಿಟ್ಟಿತು. ಹಿಂದಕ್ಕೆ ಸುತ್ತಲು ಮಾತ್ರ ಅವಳಿಗೆ ಕೈ ಬರಲಿಲ್ಲ. ಕೊನೆಯ ಸಾಲಿನಲ್ಲೇ ತೆರೆದು ಬಿಟ್ಟು ಮನೆಗೆ ಹೋದಳು.

ಮರುದಿನ ಇದ್ದಿಬಲ್ ಬೀಗ ತೆಗೆಯುವ ಮೊದಲೇ ಅವಳು ಬಾಗಿಲಲ್ಲಿದ್ದಳು. ಸುಟ್ಟರೆ ಸುಡಲಿ, ಇವತ್ತೊಂದು ದಿನ ಅದು ಬಿರುಗಾಳಿಯಲ್ಲೇ ತೆರೆದಿರಲಿ ಎಂದು ಕಂಡಕಂಡ ದೇವರಿಗೆಲ್ಲ ಮೊರೆಯಿಟ್ಟಳು. ಎಂಥ ಸ್ವಾರ್ಥಿ ಹೆಣ್ಣು!

ಮೇಜಿನ ಮೇಲೆ ಸುರುಳಿ ಅಚ್ಚುಕಟ್ಟಾಗಿ ಹಿಂದಕ್ಕೆ ಸುತ್ತಿಕೊಂಡು ಕೂತಿತ್ತು. ದಾರಕ್ಕೆ ಒಂದರ ಮೇಲೊಂದು ಎರಡು ಗಂಟು.

"ಇನ್ನು ಸುಡೋದು ಬೇಡ ಬಿಡವ್ವ" ಎಂದ ಇದ್ದಿಬಲ್, ಮೆಲ್ಲಗೆ. "ಬೇರೆ ಯಾರಾದ್ರೂ ಓದ್ಕೊಳ್ಳಲಿ. ಬಿಚ್ಚಿಕೊಡ್ಲಾ?"

"ಇವತ್ತು ಬೇಡ ಮಾಮ" ಎಂದಳು ದೋನಾತಾ. ಸುರುಳಿಯನ್ನು ಎದೆಗವಚಿಕೊಂಡು, ಆ ಗಂಟಿನ ಮೇಲೆ ಬೆರಳಿಟ್ಟು, ಗೋಳೋ ಎಂದು ಅತ್ತಳು.