ತಡವಾಗಿ ಬಂದ ನಿಬ್ಬಣ

ಸಾಕ್ಷ್ಯಚಿತ್ರ ಮಾಡುವವರಿಗೆ ಬೇಕಾದ ಹಳೆಯ ವಿಡಿಯೊಗಳನ್ನು ಹುಡುಕಿಕೊಡುವುದು ಸ್ನೇಹಲ್‌ಳ ಕೆಲಸ. ಈ ಸಲ ಬೆಂಗಳೂರಿನ ಕಂಪನಿಯೊಂದಕ್ಕೆ ಮೂವತ್ತು ವರ್ಷದ ಹಿಂದಿನ ಬೈಲಹೊಂಗಲದ ಹತ್ತಿ ಪೇಟೆ ಬೇಕಾಗಿತ್ತು. ಫೋಟೊಗಳು ಬೇಕಾದಷ್ಟು ಸಿಕ್ಕವು, ವಿಡಿಯೊ ಮಾತ್ರ ಎಲ್ಲೂ ಇರಲಿಲ್ಲ. ಕೊನೆಗೆ, ಹಿಂದೆ ಆ ಊರಲ್ಲಿ ಮದುವೆ ವಿಡಿಯೊ ತೆಗೆಯುತ್ತಿದ್ದ, ಸ್ಟುಡಿಯೊ ಮುಚ್ಚಿ ಎಷ್ಟೋ ಕಾಲವಾಗಿದ್ದ ಸದಾಶಿವ ತನ್ನ ಕಪಾಟು ತೆರೆದುಕೊಟ್ಟ. ಬೂಷ್ಟು ಹಿಡಿದ ಮದುವೆ ಕ್ಯಾಸೆಟ್ಟುಗಳನ್ನು ಒರೆಸಿ ಒರೆಸಿ ಒಂದು ವಾರ ನೋಡಿದ ಮೇಲೆ, ೧೯೯೬ರ ಒಂದರಲ್ಲಿ ಅವಳಿಗೆ ಬೇಕಾದದ್ದು ಕಂಡಿತು.

ಸಂಪಗಾಂವದಿಂದ ಮುನವಳ್ಳಿಯ ಹೆಣ್ಣಿನ ಮನೆಗೆ ಹೊರಟ ನಿಬ್ಬಣದ ಬಸ್ಸು ಪೇಟೆಯಲ್ಲಿ ನಿಂತಿದೆ. ಸುತ್ತ ಹತ್ತಿ ಹೇರಿದ ಚಕ್ಕಡಿಗಳ ಸಾಲು. ಬೇರೆ ಕೆಲಸವಿಲ್ಲದೆ ಸದಾಶಿವ ಅದನ್ನೇ ಹತ್ತು ನಿಮಿಷ ಚಿತ್ರೀಕರಿಸಿದ್ದ. ಮದುವೆ ಮನೆಗೆ ಕೊಟ್ಟ ಪ್ರತಿಯಲ್ಲಿ ಆ ಭಾಗ ಕತ್ತರಿಸಿದ್ದ.

ಅದನ್ನು ಬಳಸಬೇಕೆಂದರೆ ಆ ಮದುವೆಯ ಗಂಡ ಹೆಂಡತಿ ಇಬ್ಬರ ಸಹಿ ಬೇಕು. ಸ್ನೇಹಲ್ ಲ್ಯಾಪ್‌ಟಾಪ್ ಹಿಡಿದು ಸಂಪಗಾಂವಕ್ಕೆ ಹೋದಳು.

ಮದುಮಗನಾಗಿದ್ದ ನಿಜಗುಣಪ್ಪ ವಿಷಯ ಕೇಳಿದ್ದೇ ಪೆನ್ನು ತೆಗೆದ.

"ಎಲ್ಲಿ ಸಹಿ ಮಾಡ್ಲಿ ಹೇಳ ತಂಗಿ. ನೋಡೂದೇನೂ ಬ್ಯಾಡ."

"ತಡೀರಿ," ಅಂದಳು ಹೆಂಡತಿ ಉಮಾಶ್ರೀ. "ಅವತ್ತ ನಿಬ್ಬಣ ಮೂರು ತಾಸು ತಡಾ ಆಗಿತ್ತು. ಬಸ್ ಕೆಟ್ಟಿತ್ತಂತ, ಪಾಪ, ಇವರು ಉಪವಾಸ ನೂಕಿಕೋತ ಬಂದಿದ್ರು. ಹಚ್ಚವಾ, ನೋಡೂಣು."

ಸ್ನೇಹಲ್ ವಿಡಿಯೊ ಹಚ್ಚಿದಳು. ಚಕ್ಕಡಿಗಳು ಬಂದವು, ಧೂಳು ಬಂತು. ಬಸ್ಸಿನ ಎಂಜಿನ್ ಸರಿಯಾಗಿಯೇ ಗುಡುಗುಡು ಅನ್ನುತ್ತಿತ್ತು. ಆಮೇಲೆ ಹೋಟೆಲಿನ ಮುಂದಿನ ಬೆಂಚಿನ ಮೇಲೆ, ಕೆನ್ನೆಯ ಅರಿಷಿಣವೂ ಆರದ ಮದುಮಗ ಮಿರ್ಚಿ ಭಜಿ ಕಚ್ಚುತ್ತ ಕೂತಿದ್ದ. ಇನ್ನೊಂದು ಪ್ಲೇಟಿಗೆ ಬೆರಳು ಎತ್ತಿ ತೋರಿಸಿದ.

ಉಮಾಶ್ರೀ ಗಂಡನ ಕಡೆ ತಿರುಗಿದಳು. "ಎಷ್ಟನೇ ಪ್ಲೇಟ್ ರೀ ಅದು?"

"ಎರಡನೇದು... ಮೂರನೇದು ಇರಬೇಕು. ಡ್ರೈವರ್‌ಗೆ ಭಾಳ ಹಸಿವಾಗಿತ್ತು."

"ಇವರು ಹಸದಾರಂತ ನನ್ನ ಪಾಲಿನ ಹೋಳಿಗಿ ಕಳಸಿದ್ನೆಲ್ಲೋ ಶಿವನ!"

"ಅವನ್ನೂ ತಿಂದ್ನೆಲ್ಲ. ಬಿಟ್ಟೆನೇನು?"

ಉಮಾಶ್ರೀ ಸೆರಗು ಬಾಯಿಗಿಟ್ಟು ಕಣ್ಣಲ್ಲಿ ನೀರು ಬರುವ ತನಕ ನಕ್ಕಳು. ನಗು ನಿಂತ ಮೇಲೆ ಪೆನ್ನು ಕೈಗೆ ತಗೊಂಡಳು. "ಭಜಿ ತಿನ್ನೂದು ಟಿವಿಯೊಳಗ ಬರಬೇಕು. ಇಲ್ಲಾಂದ್ರ ನನ್ನ ಸಹಿ ಇಲ್ಲ."

ಸ್ನೇಹಲ್ ಅಂಗಳಕ್ಕೆ ಬಂದು ನಿರ್ದೇಶಕನಿಗೆ ಆ ತುಣುಕು ಕಳಿಸಿ ಫೋನ್ ಹಚ್ಚಿದಳು. ಆತ ಎರಡು ಸಲ ನೋಡಿ, ಚಕ್ಕಡಿ ಸಾಲಿನ ಮುಂದೆ ಭಜಿ ತಿನ್ನುವ ಮದುಮಗನೇ ಇಡೀ ಚಿತ್ರಕ್ಕೆ ಕಳೆ ಎಂದ.

ಎರಡು ತಿಂಗಳಿಗೆ ಚಿತ್ರ ಪ್ರಸಾರವಾಯಿತು. ಮುನವಳ್ಳಿ ಬೀಗರೆಲ್ಲ ಸರದಿಯಲ್ಲಿ ಫೋನ್ ಮಾಡಿದರು. ಒಂದು ದಿನ ಮುಖ ತಪ್ಪಿಸಿಕೊಂಡು ಓಡಾಡಿದ ನಿಜಗುಣಪ್ಪ, ಮರುದಿನದಿಂದ ಕಂಡವರಿಗೆಲ್ಲ, "ಡೈರೆಕ್ಟರ್ ತಾನ ನನ್ನ ಆರಿಸ್ಯಾನ್ರಿ," ಎಂದು ಹೇಳತೊಡಗಿದ.

ಪೂರ್ತಿ ಕ್ಯಾಸೆಟ್ಟಿನ ಪ್ರತಿ ಕೊಡಲು ಸ್ನೇಹಲ್ ಮತ್ತೆ ಹೋದಾಗ ಕಟ್ಟೆಯ ಮೇಲೆ ಓಣಿಯ ಹೆಂಗಸರು ಕಾಯುತ್ತಿದ್ದರು. ನೆರೆಮನೆಯ ಶಟ್ಟೆವ್ವ ಎಲ್ಲರಿಗಿಂತ ಮುಂದೆ ಬಂದು ತನ್ನ ಕ್ಯಾಸೆಟ್ಟು ಅವಳ ಕೈಗಿಟ್ಟಳು.

"ನಮ್ಮ ಮನಿಯವ್ರೂ ಏನೇನು ಮುಚ್ಚಿಟ್ಟಾರ, ಸ್ವಲ್ಪ ನೋಡವಾ."

ಸ್ನೇಹಲ್ ನಗುತ್ತ ಚೀಲದ ಬಾಯಿ ತೆರೆದು ಹಿಡಿದಳು.